ವಯಸ್ಸಾದ ಮೇಲೆ ರೋಗನಿರೋಧಕ ಶಕ್ತಿ ಎಲ್ಲಿ ಸೋಲುತ್ತದೆ, ಎಲ್ಲಿ ಗಟ್ಟಿಯಾಗಿರುತ್ತದೆ?

ಪ್ರಶ್ನೆ: ನಮ್ಮ ತಂದೆಗೆ ಈಗ 73. ಹುಷಾರಿಲ್ಲ ಅಂತ ಮಲಗಿದವರೇ ಅಲ್ಲ. ಆದರೆ ಕಳೆದ ಎರಡು ವರ್ಷದಲ್ಲಿ ಮೊದಲು ಸರ್ಪಸುತ್ತು, ಆಮೇಲೆ ಫ್ಲೂ, ಅದರ ಬೆನ್ನಿಗೇ ನ್ಯುಮೋನಿಯಾ ಆಯಿತು. ಫ್ಲೂ ಲಸಿಕೆ ಹಾಕಿಸಿದ್ದೆವು, ಆದರೂ ಬಂತು. ನ್ಯುಮೋನಿಯಾ ಆದಾಗ ಜ್ವರವೇ ಇರಲಿಲ್ಲ. ಸುಮ್ನೆ ಮಂಕಾಗಿ ಕೂತಿರುತ್ತಿದ್ದರು, ಏನೇನೋ ಮಾತಾಡುತ್ತಿದ್ದರು. ಹಾಗಾಗಿ ಆಸ್ಪತ್ರೆಗೆ ಹೋಗುವುದು ತಡವಾಯಿತು. ಈಗ ಚೇತರಿಸಿಕೊಂಡಿದ್ದಾರೆ. ರಕ್ತ ಪರೀಕ್ಷೆಯಲ್ಲಿ ಮಾತ್ರ ಉರಿಯೂತ ಸ್ವಲ್ಪ ಜಾಸ್ತಿ ಇದೆ ಅಂತ ಬರುತ್ತಿದೆ. ರೋಗನಿರೋಧಕ ಶಕ್ತಿ ಕಡಿಮೆಯಾಗಿದ್ದರೆ ಉರಿಯೂತ ಹೇಗೆ ಜಾಸ್ತಿಯಾಗುತ್ತದೆ? ಶಕ್ತಿ ಹೆಚ್ಚಿಸುವ ಮಾತ್ರೆ ಏನಾದರೂ ಕೊಡಬಹುದೇ? ನನಗೂ 46 ಆಯಿತು. ಈಗಿನಿಂದಲೇ ನಾನು ಏನಾದರೂ ಮಾಡಬೇಕೇ?

ಉತ್ತರ: ಶಕ್ತಿ ಕುಂದಿದ್ದರೆ ಉರಿಯೂತ ಯಾಕೆ ಏರಬೇಕು ಎಂದು ಕೇಳಿದ್ದೀರಿ. ಬಹಳ ಒಳ್ಳೆಯ ಪ್ರಶ್ನೆ. ಇದು ಅರ್ಥವಾದರೆ ಉಳಿದದ್ದೆಲ್ಲ ಸುಲಭವಾಗುತ್ತದೆ. ವಯಸ್ಸಾದವರ ದೇಹದಲ್ಲಿ ಈ ಎರಡೂ ಒಟ್ಟಿಗೇ ನಡೆಯುತ್ತವೆ. ಎಷ್ಟೋ ಸಲ ಒಂದೇ ಜೀವಕೋಶ ಎರಡಕ್ಕೂ ಕಾರಣವಾಗಿರುತ್ತದೆ.

ನ್ಯೂಟ್ರೋಫಿಲ್ ಎಂಬ ಕೋಶವನ್ನೇ ನೋಡಿ. ನಮ್ಮ ಬಿಳಿ ರಕ್ತಕಣಗಳಲ್ಲಿ ಎಲ್ಲಕ್ಕಿಂತ ಜಾಸ್ತಿ ಇರುವುದು ಇದೇ. ಬ್ಯಾಕ್ಟೀರಿಯಾ ಒಳಗೆ ಹೊಕ್ಕ ಕಡೆಗೆ ಮೊದಲು ಓಡುವುದೂ ಇದೇ. ರಕ್ತನಾಳದಿಂದ ಹೊರಬಿದ್ದು ಅಂಗಾಂಶದ ನಡುವೆ ದಾರಿ ಬಿಡಿಸಿಕೊಂಡು ಹೋಗಬೇಕಲ್ಲ, ಅದಕ್ಕೆ ಇದು ಕೆಲವು ಕಿಣ್ವಗಳನ್ನು ಬಿಡುತ್ತದೆ. ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ವಿಶ್ವವಿದ್ಯಾಲಯದ ಸಂಶೋಧಕರು ಯುವಕರ ಮತ್ತು ಹಿರಿಯರ ನ್ಯೂಟ್ರೋಫಿಲ್‌ಗಳ ಓಡಾಟವನ್ನು ಹೋಲಿಸಿ ನೋಡಿದರು. ಓಟದ ವೇಗ ಹೆಚ್ಚುಕಡಿಮೆ ಒಂದೇ ಇತ್ತು. ಆದರೆ ಹಿರಿಯರ ಕೋಶಗಳು ನೇರ ಹೋಗುತ್ತಿರಲಿಲ್ಲ, ಅಡ್ಡಾದಿಡ್ಡಿ ತಿರುಗಾಡುತ್ತಿದ್ದವು. ಹೀಗಾದರೆ ಏನಾಗುತ್ತದೆ? ಸೋಂಕಿನ ಜಾಗ ತಲುಪುವುದು ತಡವಾಗುತ್ತದೆ. ದಾರಿಯುದ್ದಕ್ಕೂ ಕಿಣ್ವ ಚೆಲ್ಲುವುದರಿಂದ ಏನೂ ತಪ್ಪು ಮಾಡದ ಅಂಗಾಂಶವೂ ಹಾಳಾಗುತ್ತದೆ. ಮೊದಲನೆಯದನ್ನು ನಾವು ಶಕ್ತಿ ಕುಂದಿದೆ ಅನ್ನುತ್ತೇವೆ. ಎರಡನೆಯದು ಉರಿಯೂತವಾಗಿ ಕಾಣಿಸಿಕೊಳ್ಳುತ್ತದೆ.

ರೋಗನಿರೋಧಕ ಶಕ್ತಿ ಅಂತ ಏಕವಚನದಲ್ಲಿ ಮಾತಾಡುತ್ತೇವೆ, ನಿಜ. ಆದರೆ ಅದು ಹತ್ತಾರು ಬಗೆಯ ಕೋಶಗಳ ಕೆಲಸ. ಇವೆಲ್ಲ ಒಂದೇ ವೇಗದಲ್ಲಿ ಮುದಿಯಾಗುವುದಿಲ್ಲ. ಕೆಲವು ಹದಿಹರೆಯಕ್ಕೆ ಮುಂಚೆಯೇ ಇಳಿಮುಖ ಹಿಡಿಯುತ್ತವೆ, ಇನ್ನು ಕೆಲವು ತೊಂಬತ್ತರಲ್ಲೂ ಅಚ್ಚುಕಟ್ಟಾಗಿ ದುಡಿಯುತ್ತವೆ. ನಿಮ್ಮ ತಂದೆಯ ಒಂದೊಂದು ಕಾಯಿಲೆಯೂ ಒಂದೊಂದು ಬೇರೆ ಕಡೆಯ ಸೋಲನ್ನು ತೋರಿಸುತ್ತಿದೆ.

ಗಟ್ಟಿಯಾಗಿ ಉಳಿಯುವ ಭಾಗವನ್ನು ಮೊದಲು ಹೇಳುತ್ತೇನೆ. ಅದರ ಬಗ್ಗೆ ಜನ ಮಾತಾಡುವುದೇ ಕಡಿಮೆ.

1846ರಲ್ಲಿ ಉತ್ತರ ಅಟ್ಲಾಂಟಿಕ್‌ನ ಫ್ಯಾರೋ ದ್ವೀಪಗಳಿಗೆ ದಡಾರ ಬಂತು. ಅಲ್ಲಿದ್ದ ಸುಮಾರು 7,800 ಜನರಲ್ಲಿ 6,000ಕ್ಕೂ ಜಾಸ್ತಿ ಜನ ಹಾಸಿಗೆ ಹಿಡಿದರು. ಪೀಟರ್ ಲುಡ್ವಿಗ್ ಪಾನುಮ್ ಎಂಬ ಡೆನ್ಮಾರ್ಕಿನ ಯುವ ವೈದ್ಯರು ಅಲ್ಲಿಗೆ ಹೋಗಿ ಊರೂರು ಸುತ್ತಿ ಲೆಕ್ಕ ಬರೆದುಕೊಂಡರು. ಆ ದ್ವೀಪಗಳಿಗೆ ಅದಕ್ಕೂ ಮುಂಚೆ ದಡಾರ ಬಂದದ್ದು 1781ರಲ್ಲಿ. ನಡುವಿನ 65 ವರ್ಷ ಅಲ್ಲಿ ಆ ವೈರಸ್ಸಿನ ಸುಳಿವೇ ಇರಲಿಲ್ಲ. ಆದರೂ 1781ರಲ್ಲಿ ಚಿಕ್ಕವರಿದ್ದಾಗ ದಡಾರ ಆಗಿದ್ದ ಮುದುಕರಲ್ಲಿ ಒಬ್ಬರಿಗೂ ಈ ಸಲ ಬರಲಿಲ್ಲ. ಅದೇ ವಯಸ್ಸಿನವರಾಗಿದ್ದು ಆಗ ಹೇಗೋ ತಪ್ಪಿಸಿಕೊಂಡಿದ್ದವರಿಗೆ ಬಂತು. ಪ್ರತಿಕಾಯ, ಅಂದರೆ ರೋಗಾಣುವಿಗೆ ಅಂಟಿಕೊಂಡು ಅದನ್ನು ತಡೆಯುವ ಪ್ರೋಟೀನ್, ಇದೆ ಎಂದೇ ಗೊತ್ತಿಲ್ಲದ ಕಾಲದಲ್ಲಿ ಪಾನುಮ್ ಇದನ್ನು ಗಮನಿಸಿ ಬರೆದಿಟ್ಟರು. ನನಗೆ ಇವತ್ತಿಗೂ ಇದು ವೈದ್ಯಕೀಯದ ಅತ್ಯುತ್ತಮ ಗಮನಿಕೆಗಳಲ್ಲಿ ಒಂದು.

ನಮ್ಮ ಕಾಲದ ಸಾಕ್ಷಿಯೂ ಇದೆ. 1918ರ ಮಹಾ ಫ್ಲೂ ಕಾಲದಲ್ಲಿ ಮಕ್ಕಳಾಗಿದ್ದು ಬದುಕಿ ಉಳಿದ 32 ಜನರ ರಕ್ತವನ್ನು ಸುಮಾರು 90 ವರ್ಷಗಳ ನಂತರ ಪರೀಕ್ಷಿಸಿದರು. ಅವರ ವಯಸ್ಸು 91ರಿಂದ 101. ಆ ಹಳೆಯ ವೈರಸ್ಸನ್ನು ತಡೆಯುವ ಪ್ರತಿಕಾಯಗಳು ಎಲ್ಲರಲ್ಲೂ ಇದ್ದವು. ಕೆಲವರಲ್ಲಿ ಅಂಥ ಪ್ರತಿಕಾಯ ತಯಾರಿಸುವ ಬಿ ಕೋಶಗಳೂ ಇನ್ನೂ ಓಡಾಡಿಕೊಂಡಿದ್ದವು. ಈ ಸಂಶೋಧನೆ 2008ರಲ್ಲಿ ಪ್ರಕಟವಾಯಿತು. ಮರುವರ್ಷವೇ ಬಂದ ಎಚ್‌1ಎನ್‌1 ಫ್ಲೂ ಹಿರಿಯರಿಗಿಂತ ಯುವಕರಿಗೆ ಜಾಸ್ತಿ ತಗುಲಿತು. 1957ಕ್ಕಿಂತ ಮುಂಚೆ ಹುಟ್ಟಿದವರು ಅದರ ಸಂಬಂಧಿ ವೈರಸ್‌ಗಳನ್ನು ಆಗಲೇ ಕಂಡಿದ್ದರು.

ಅಂದರೆ ಕಲಿತ ಪಾಠ ಸುಲಭಕ್ಕೆ ಮರೆತುಹೋಗುವುದಿಲ್ಲ. ನಿಮ್ಮ ತಂದೆ ಅಷ್ಟು ವರ್ಷ ನೆಗಡಿ, ಜ್ವರ ಎಂದು ಮಲಗದೆ ಇದ್ದುದಕ್ಕೆ ಇದೂ ಒಂದು ಕಾರಣ. ಸುತ್ತಮುತ್ತ ಓಡಾಡುವ ಹೆಚ್ಚಿನ ರೋಗಾಣುಗಳ ಪರಿಚಯ ಅವರ ದೇಹಕ್ಕೆ ಯಾವಾಗಲೋ ಆಗಿತ್ತು. ಕಷ್ಟ ಬರುವುದು ಹೊಸ ಪಾಠ ಕಲಿಯುವಾಗ.

ಹೊಸ ಪಾಠಕ್ಕೆ ಬೇಕಾಗುವುದು ಇನ್ನೂ ಯಾವ ರೋಗಾಣುವನ್ನೂ ಕಂಡಿರದ ಟಿ ಕೋಶಗಳು. ಸೋಂಕಿತ ಕೋಶಗಳನ್ನು ಗುರುತಿಸಿ ಕೊಲ್ಲುವ, ಬೇರೆ ರೋಗನಿರೋಧಕ ಕೋಶಗಳಿಗೆ ನೆರವಾಗುವ ಬಿಳಿ ರಕ್ತಕಣಗಳಿವು. ಇವು ಹುಟ್ಟುವುದು ಮೂಳೆಯ ಮಜ್ಜೆಯಲ್ಲಿ, ತರಬೇತಿ ಆಗುವುದು ಥೈಮಸ್ ಎಂಬ ಗ್ರಂಥಿಯಲ್ಲಿ. ಎದೆಮೂಳೆಯ ಹಿಂದೆ, ಹೃದಯದ ಮೇಲ್ಭಾಗದಲ್ಲಿ ಅದು ಕೂತಿರುತ್ತದೆ. ಬಹಳ ಕಾಲ ಅದನ್ನು ಕೆಲಸಕ್ಕೆ ಬಾರದ ಅಂಗ ಅಂದುಕೊಂಡಿದ್ದರು. 1961ರಲ್ಲಿ ಜಾಕ್ ಮಿಲ್ಲರ್ ಎಂಬ ವಿಜ್ಞಾನಿ ಆಗಷ್ಟೇ ಹುಟ್ಟಿದ ಇಲಿಗಳಿಂದ ಥೈಮಸ್ ತೆಗೆದು ನೋಡಿದರು. ಆ ಇಲಿಗಳಿಗೆ ಸೋಂಕು ಎದುರಿಸಲು ಆಗಲಿಲ್ಲ. ಬೇರೆ ಇಲಿಯ ಚರ್ಮ ಹಚ್ಚಿದರೂ ಅವುಗಳ ದೇಹ ತಿರಸ್ಕರಿಸಲಿಲ್ಲ. ರೋಗನಿರೋಧಕ ಶಕ್ತಿಗೆ ಥೈಮಸ್ ಬೇಕೇ ಬೇಕು ಎಂದು ಜಗತ್ತಿಗೆ ಗೊತ್ತಾದದ್ದು ಹಾಗೆ.

ಈ ಗ್ರಂಥಿ ಕುಗ್ಗಲು ಶುರುವಾಗುವುದು ಮುಪ್ಪಿನಲ್ಲಲ್ಲ, ಬಾಲ್ಯದಲ್ಲಿ. ಹದಿಹರೆಯದ ನಂತರ ಕುಗ್ಗುವ ವೇಗ ಏರುತ್ತದೆ. ಮಧ್ಯವಯಸ್ಸಿಗೆ ಬರುವಷ್ಟರಲ್ಲಿ ಅದರ ಬಹುಪಾಲು ಕೊಬ್ಬಾಗಿರುತ್ತದೆ. ಆಮೇಲೆ ಹೊಸ ಟಿ ಕೋಶಗಳು ಬಹಳ ಕಡಿಮೆ ಬರುತ್ತವೆ. ಇರುವ ಕೋಶಗಳೇ ಒಡೆದು ಎರಡಾಗುತ್ತಾ ಸಂಖ್ಯೆಯನ್ನು ಕಾಪಾಡಿಕೊಳ್ಳುತ್ತವೆ. ಸಂಖ್ಯೆ ಉಳಿದರೂ ವೈವಿಧ್ಯ ಕಡಿಮೆಯಾಗುತ್ತಾ ಹೋಗುತ್ತದೆ. ಯುವಕರೊಬ್ಬರ ದೇಹದಲ್ಲಿ ಸುಮಾರು 10 ಕೋಟಿ ಬಗೆಯ ಟಿ ಕೋಶಗಳಿರುತ್ತವೆ. ಎಪ್ಪತ್ತು ದಾಟಿದವರಲ್ಲಿ ಇದು 2ರಿಂದ 5 ಪಟ್ಟು ಕಡಿಮೆ ಎಂದು ಒಂದು ಅಂದಾಜಿದೆ. ತುಂಬಿಹೋದ ನೋಟ್‌ಬುಕ್ ಇದ್ದ ಹಾಗೆ. ಹಿಂದಿನ ಪುಟಗಳಲ್ಲಿ ಬರೆದದ್ದು ಚೆನ್ನಾಗಿಯೇ ಓದಲು ಬರುತ್ತದೆ. ಹೊಸದಾಗಿ ಬರೆಯಲು ಖಾಲಿ ಹಾಳೆಗಳು ಮಾತ್ರ ಕೆಲವೇ ಉಳಿದಿರುತ್ತವೆ.

ಇಲ್ಲಿ ಒಂದು ಮಾತು ಸೇರಿಸಬೇಕು. ಇಲಿಗಳಲ್ಲಿ ಕಥೆ ಹೀಗಿಲ್ಲ. ಅವುಗಳ ಥೈಮಸ್ ಬದುಕಿರುವಷ್ಟೂ ದಿನ ಹೊಸ ಟಿ ಕೋಶಗಳನ್ನು ಪೂರೈಸುತ್ತಲೇ ಇರುತ್ತದೆ. ಇಲಿಗಳಿಗೆ ಯೌವನ ಮರಳಿತು ಎಂಬ ಸುದ್ದಿ ಆಗಾಗ ಬರುತ್ತದಲ್ಲ, ಅದನ್ನು ನೋಡಿ ಮನುಷ್ಯರಿಗೂ ಹಾಗೇ ಆಗಿಬಿಡುತ್ತದೆ ಎಂದುಕೊಳ್ಳಬೇಡಿ.

ಹಾಗಾದರೆ ದೊಡ್ಡವರಲ್ಲಿ ಥೈಮಸ್ ಇದ್ದರೂ ಒಂದೇ, ಇಲ್ಲದಿದ್ದರೂ ಒಂದೇ ಅಲ್ವಾ? ಹಾಗೇ ಅಂದುಕೊಂಡು ಎದೆಯ ಶಸ್ತ್ರಚಿಕಿತ್ಸೆ ಮಾಡುವಾಗ ಅಡ್ಡ ಬಂದರೆ ಅದನ್ನು ತೆಗೆದುಹಾಕುವ ರೂಢಿ ಇದೆ. 2023ರಲ್ಲಿ ಅಮೆರಿಕದಿಂದ ಬಂದ ಒಂದು ಅಧ್ಯಯನ ಈ ನಂಬಿಕೆಯನ್ನು ಅಲುಗಾಡಿಸಿತು. ಥೈಮಸ್ ತೆಗೆಸಿಕೊಂಡ ವಯಸ್ಕರನ್ನು, ಅದೇ ತರಹದ ಎದೆಯ ಶಸ್ತ್ರಚಿಕಿತ್ಸೆಯಾಗಿ ಥೈಮಸ್ ಉಳಿದವರ ಜೊತೆ ಹೋಲಿಸಿದರು. ಐದು ವರ್ಷದೊಳಗೆ ತೀರಿಕೊಂಡವರು ತೆಗೆಸಿಕೊಂಡವರಲ್ಲಿ ಶೇ. 8.1, ಉಳಿಸಿಕೊಂಡವರಲ್ಲಿ ಶೇ. 2.8. ಕ್ಯಾನ್ಸರ್ ಬಂದವರೂ ಸುಮಾರು ಎರಡು ಪಟ್ಟು. ಕುಗ್ಗಿದ ಥೈಮಸ್ ಕೂಡ ಕೈಕಟ್ಟಿ ಕೂತಿರುವುದಿಲ್ಲ.

ಕೋವಿಡ್ ಬಂದಾಗ ಹಿರಿಯರು ಯಾಕೆ ಅಷ್ಟು ನರಳಿದರು ಎಂಬುದಕ್ಕೂ ಇಲ್ಲಿ ಅರ್ಧ ಉತ್ತರ ಸಿಗುತ್ತದೆ. ಅದು ಯಾರ ನೆನಪಿನಲ್ಲೂ ಇಲ್ಲದ ವೈರಸ್. ಮೊದಲಿನಿಂದ ಕಲಿಯಬೇಕಿತ್ತು. ಹೊಸ ಟಿ ಕೋಶಗಳು ಕಡಿಮೆ ಇದ್ದವರಿಗೇ ಕಾಯಿಲೆ ಜಾಸ್ತಿ ತೀವ್ರವಾಯಿತು. ಉಳಿದರ್ಧ ಉತ್ತರ ಇನ್ನೂ ವಿಚಿತ್ರ. ವೈರಸ್ ಬಂದ ಕೂಡಲೇ ಎಚ್ಚರಿಕೆ ಕೊಡುವ ಇಂಟರ್‌ಫೆರಾನ್ ಎಂಬ ಪ್ರೋಟೀನ್ ನಮ್ಮಲ್ಲಿದೆ. ಎಪ್ಪತ್ತು ದಾಟಿದವರಲ್ಲಿ ಸುಮಾರು ಶೇ. 4 ಜನರ ದೇಹ ಆ ಪ್ರೋಟೀನಿನ ವಿರುದ್ಧವೇ ಪ್ರತಿಕಾಯ ಮಾಡಿಕೊಂಡಿರುತ್ತದೆ. ತನ್ನದೇ ಗಂಟೆಯ ಸದ್ದನ್ನು ತಾನೇ ಅಡಗಿಸುತ್ತದೆ. ವಯಸ್ಸಾದಂತೆ ನಮ್ಮ ದೇಹದ ಮೇಲೇ ತಿರುಗಿ ಬೀಳುವ ಪ್ರತಿಕಾಯಗಳು ಜಾಸ್ತಿಯಾಗುವುದಕ್ಕೆ ಇದು ಒಂದು ಉದಾಹರಣೆ.

ಈಗ ಸರ್ಪಸುತ್ತಿಗೆ ಬರೋಣ. ನಿಮ್ಮ ತಂದೆಗೆ ಅದು ಹೊರಗಿನಿಂದ ಅಂಟಿದ್ದಲ್ಲ. ಚಿಕ್ಕವರಿದ್ದಾಗ ಚಿಕನ್‌ಪಾಕ್ಸ್ ಆಗಿರುತ್ತದೆ. ಗುಳ್ಳೆ ಒಣಗಿದರೂ ವೈರಸ್ ಹೋಗುವುದಿಲ್ಲ. ಬೆನ್ನುಹುರಿಯ ಪಕ್ಕದ ನರಗಳ ಬುಡದಲ್ಲಿ ಅಡಗಿ ಕೂರುತ್ತದೆ. ಅದು ಮತ್ತೆ ತಲೆ ಎತ್ತದಂತೆ ಟಿ ಕೋಶಗಳು ದಶಕಗಟ್ಟಲೆ ಕಾಯುತ್ತವೆ. ಐವತ್ತರ ನಂತರ ಈ ಕಾವಲು ಸಡಿಲವಾಗುತ್ತದೆ. ವೈರಸ್ ನರದ ಗುಂಟ ಇಳಿದು ಚರ್ಮಕ್ಕೆ ಬರುತ್ತದೆ. ಅದಕ್ಕೇ ಗುಳ್ಳೆಗಳು ಒಂದೇ ಕಡೆ, ಒಂದು ನರದ ಪಟ್ಟಿಯಲ್ಲಿ ಮಾತ್ರ ಏಳುತ್ತವೆ. ಸುಮಾರು ಮೂವರಲ್ಲಿ ಒಬ್ಬರಿಗೆ ಜೀವಮಾನದಲ್ಲಿ ಒಮ್ಮೆಯಾದರೂ ಇದು ಆಗುತ್ತದೆ. ರಕ್ತದಲ್ಲಿ ಆ ವೈರಸ್ಸಿನ ವಿರುದ್ಧ ಪ್ರತಿಕಾಯ ಆಗಲೂ ಇರುತ್ತದೆ. ಆದರೆ ನರದೊಳಗೆ ಅಡಗಿದ್ದನ್ನು ಪ್ರತಿಕಾಯ ತಡೆಯಲಾರದು, ಅದು ಟಿ ಕೋಶಗಳ ಕೆಲಸ. ಹಳೆಯ ನೆನಪು ಗಟ್ಟಿ ಎಂದೆನಲ್ಲ, ಅದಕ್ಕೆ ಈ ಮಿತಿ ಇದೆ. ಪ್ರತಿಕಾಯದ ನೆನಪು ಟಿ ಕೋಶಗಳ ನೆನಪಿಗಿಂತ ಜಾಸ್ತಿ ಬಾಳಿಕೆ ಬರುತ್ತದೆ.

ಇದೇ ಕುಟುಂಬದ ಇನ್ನೊಂದು ವೈರಸ್ ಸೈಟೋಮೆಗಾಲೊವೈರಸ್. ಹೆಚ್ಚಿನವರ ದೇಹದಲ್ಲಿ ಇದು ಸದ್ದಿಲ್ಲದೆ ಇರುತ್ತದೆ, ಇದೆ ಎಂಬುದೂ ಗೊತ್ತಾಗುವುದಿಲ್ಲ. ಆದರೆ ಅದನ್ನು ಕಾಯಲು ದೇಹ ಎಷ್ಟು ಖರ್ಚು ಮಾಡುತ್ತದೆ ಅಂದರೆ, ಕೆಲವು ಹಿರಿಯರಲ್ಲಿ ಸೋಂಕಿತ ಕೋಶಗಳನ್ನು ಕೊಲ್ಲುವ ಟಿ ಕೋಶಗಳಲ್ಲಿ ಕಾಲು ಭಾಗದಷ್ಟು ಇದೊಂದಕ್ಕೇ ಮೀಸಲಾಗಿರುತ್ತವೆ.

ಲಸಿಕೆ ಹಾಕಿಸಿದರೂ ಫ್ಲೂ ಬಂತು ಎಂದು ಬೇಜಾರು ಮಾಡಿಕೊಂಡಿದ್ದೀರಿ. ಲಸಿಕೆ ಅಂದರೆ ದೇಹಕ್ಕೆ ಕೊಡುವ ಪಾಠ. ಪಾಠ ಕಲಿಯುವ ಶಕ್ತಿಯೇ ಕಡಿಮೆಯಾದಾಗ ಫಲವೂ ಕಡಿಮೆ ಸಿಗುತ್ತದೆ. ಬಿ ಕೋಶಗಳು ಕತ್ತು, ಕಂಕುಳು ಮುಂತಾದ ಕಡೆ ಇರುವ ದುಗ್ಧರಸ ಗ್ರಂಥಿಗಳಲ್ಲಿ (ಲಿಂಫ್ ಗ್ರಂಥಿಗಳಲ್ಲಿ) ಕೂಡಿ, ಟಿ ಕೋಶಗಳ ನೆರವಿನಿಂದ ಪ್ರತಿಕಾಯಗಳನ್ನು ತಿದ್ದಿ ತೀಡುತ್ತವೆ. ವಯಸ್ಸಾದವರಲ್ಲಿ ಈ ಕೆಲಸ ನಿಧಾನ. ಹಾಗಾಗಿ ಪ್ರತಿಕಾಯ ಕಡಿಮೆ ಬರುತ್ತದೆ, ಬಂದದ್ದೂ ಬೇಗ ಇಳಿಯುತ್ತದೆ. ಆದರೂ ಆ ಲಸಿಕೆ ವ್ಯರ್ಥವಾಯಿತು ಎನ್ನಬೇಡಿ. ಸೋಂಕು ತಗುಲಿದರೂ ಕಾಯಿಲೆಯ ತೀವ್ರತೆಯನ್ನು, ಸಾವಿನ ಅಪಾಯವನ್ನು ಅದು ತಗ್ಗಿಸುತ್ತದೆ.

ಇಲ್ಲಿ ವಿಜ್ಞಾನ ನಿಜವಾಗಿ ಮುಂದೆ ಹೋಗಿದೆ, ಅದನ್ನು ಹೇಳಲು ನನಗೆ ಖುಷಿ. ಪಾಠ ಮೆಲ್ಲಗೆ ಕೇಳಿಸುತ್ತಿದೆ ಅಂದರೆ ಜೋರಾಗಿ ಹೇಳಬೇಕು. ಹಿರಿಯರಿಗಾಗಿಯೇ ಮಾಡಿದ ಒಂದು ಫ್ಲೂ ಲಸಿಕೆಯಲ್ಲಿ ಮಾಮೂಲಿಗಿಂತ ನಾಲ್ಕು ಪಟ್ಟು ವೈರಸ್ಸಿನ ಅಂಶ ಇರುತ್ತದೆ. 65 ದಾಟಿದ ಸುಮಾರು 32,000 ಜನರ ಮೇಲೆ ನಡೆದ ಪರೀಕ್ಷೆಯ ಫಲಿತಾಂಶ 2014ರಲ್ಲಿ ಬಂತು. ಮಾಮೂಲಿ ಲಸಿಕೆಗೆ ಹೋಲಿಸಿದರೆ ಫ್ಲೂ ಶೇ. 24ರಷ್ಟು ಕಡಿಮೆಯಾಗಿತ್ತು.

ಸರ್ಪಸುತ್ತಿನ ಲಸಿಕೆಯ ಕಥೆ ಇದಕ್ಕಿಂತ ದೊಡ್ಡದು. ಮೊದಲು ಬಂದದ್ದು ಸೌಮ್ಯಗೊಳಿಸಿದ ಜೀವಂತ ವೈರಸ್ಸಿನ ಲಸಿಕೆ. 60 ದಾಟಿದವರಲ್ಲಿ ಒಟ್ಟಾರೆ ಶೇ. 51 ರಕ್ಷಣೆ ಕೊಟ್ಟಿತು. 70 ದಾಟಿದವರಲ್ಲಿ ಬರೀ ಶೇ. 38. ಆಗ ಎಲ್ಲರೂ ವಯಸ್ಸಾದವರಲ್ಲಿ ಇಷ್ಟೇ ಸಾಧ್ಯ ಅಂದುಕೊಂಡರು. ಆಮೇಲೆ ಶಿಂಗ್ರಿಕ್ಸ್ ಎಂಬ ಹೊಸ ಲಸಿಕೆ ಬಂತು. ಇದರಲ್ಲಿ ಜೀವಂತ ವೈರಸ್ ಇಲ್ಲ, ಅದರ ಒಂದು ಪ್ರೋಟೀನ್ ಮಾತ್ರ ಇದೆ. ಜೊತೆಗೆ ದೇಹವನ್ನು ಬಡಿದೆಬ್ಬಿಸುವ ಸಹಾಯಕ ಪದಾರ್ಥಗಳಿವೆ. ಅವುಗಳಲ್ಲಿ ಒಂದನ್ನು ಚಿಲಿ ದೇಶದ ಒಂದು ಮರದ ತೊಗಟೆಯಿಂದ ತೆಗೆಯುತ್ತಾರೆ. 50 ದಾಟಿದವರಲ್ಲಿ ಇದು ಶೇ. 97 ರಕ್ಷಣೆ ಕೊಟ್ಟಿತು. 70 ದಾಟಿದವರಲ್ಲೂ ಸುಮಾರು ಶೇ. 90. ಯೋಚಿಸಿ ನೋಡಿ. ವಯಸ್ಸು ಅದೇ, ದೇಹ ಅದೇ, ಕಾಯಿಲೆ ಅದೇ. ಹೇಳಿಕೊಡುವ ರೀತಿ ಬದಲಾದದ್ದಕ್ಕೆ 38 ಇದ್ದದ್ದು 90 ಆಯಿತು. ವಯಸ್ಸಾದವರ ದೇಹಕ್ಕೆ ಕಲಿಯಲು ಬರುವುದೇ ಇಲ್ಲ ಎನ್ನುವವರಿಗೆ ನಾನು ಈ ಅಂಕಿಗಳನ್ನೇ ತೋರಿಸುತ್ತೇನೆ. ಆದರೆ ಗಮನಿಸಿ, ಇಲ್ಲಿ ದೇಹಕ್ಕೆ ಪಾಠ ಪೂರ್ತಿ ಹೊಸದಲ್ಲ. ಚಿಕನ್‌ಪಾಕ್ಸ್‌ನ ನೆನಪು ಒಳಗೆ ಇದ್ದೇ ಇತ್ತು, ಲಸಿಕೆ ಅದನ್ನು ಮತ್ತೆ ಎತ್ತಿ ನಿಲ್ಲಿಸಿತು.

ಇನ್ನು ಆ ರಕ್ತ ಪರೀಕ್ಷೆ. ಸಿಆರ್‌ಪಿ, ಐಎಲ್-6 ಮುಂತಾದ ಉರಿಯೂತದ ಅಂಶಗಳು ವಯಸ್ಸಾದಂತೆ ಸ್ವಲ್ಪ ಸ್ವಲ್ಪವೇ ಏರುವುದನ್ನು ವೈದ್ಯರು ಬಹಳ ಕಾಲದಿಂದ ಕಂಡಿದ್ದರು. 2000ದಲ್ಲಿ ಇಟಲಿಯ ಕ್ಲಾಡಿಯೊ ಫ್ರಾನ್ಸೆಸ್ಕಿ ಇದನ್ನು ಮುಪ್ಪಿನದೇ ಒಂದು ಲಕ್ಷಣ ಎಂದು ಗುರುತಿಸಿ ಅದಕ್ಕೊಂದು ಹೆಸರು ಕೊಟ್ಟರು. ಗಾಯವಾದಾಗ ಬಂದು ಹೋಗುವ ಊತದಂತೆ ಇದು ನೋಯುವುದಿಲ್ಲ, ಕೆಂಪಾಗುವುದಿಲ್ಲ, ಆದರೆ ಆರುವುದೂ ಇಲ್ಲ.

ಇದಕ್ಕೆ ಒಂದೇ ಮೂಲ ಇಲ್ಲ. ನಮ್ಮ ಕೋಶಗಳು ಎಷ್ಟು ಸಲ ಬೇಕಾದರೂ ಒಡೆಯಲಾರವು ಎಂದು ಲಿಯೊನಾರ್ಡ್ ಹೇಫ್ಲಿಕ್ 1961ರಲ್ಲಿ ತೋರಿಸಿದರು. ಪ್ರಯೋಗಾಲಯದಲ್ಲಿ 40ರಿಂದ 60 ಸಲ ಒಡೆದ ಮೇಲೆ ಅವು ನಿಂತುಬಿಡುತ್ತವೆ. ಹೀಗೆ ನಿಂತ ಕೋಶಗಳು ಸುಮ್ಮನಿರುವುದಿಲ್ಲ. ಉರಿಯೂತ ಎಬ್ಬಿಸುವ ರಾಸಾಯನಿಕಗಳನ್ನು ಬಿಡುತ್ತಲೇ ಇರುತ್ತವೆ. ಯೌವನದಲ್ಲಿ ರೋಗನಿರೋಧಕ ಕೋಶಗಳೇ ಇವನ್ನು ಹುಡುಕಿ ತೆಗೆದುಹಾಕುತ್ತವೆ. ವಯಸ್ಸಾದಾಗ ಆ ಸ್ವಚ್ಛತಾ ಕೆಲಸವೂ ನಿಧಾನ. ನಿಂತ ಕೋಶಗಳು ಜಾಸ್ತಿಯಾದಂತೆ ಉರಿಯೂತ ಜಾಸ್ತಿ, ಉರಿಯೂತ ಜಾಸ್ತಿಯಾದಂತೆ ರೋಗನಿರೋಧಕ ಕೋಶಗಳ ಕೆಲಸ ಇನ್ನೂ ಕಷ್ಟ. ಮೂಳೆಯ ಮಜ್ಜೆಯಲ್ಲೂ ಬದಲಾವಣೆ ಆಗುತ್ತದೆ. ರಕ್ತ ತಯಾರಿಸುವ ಕಾಂಡಕೋಶವೊಂದರ ವಂಶವಾಹಿಯಲ್ಲಿ ಬದಲಾವಣೆಯಾಗಿ ಅದರ ಸಂತಾನವೇ ಬೆಳೆದು ಜಾಗ ಹಿಡಿಯುತ್ತದೆ. 70 ದಾಟಿದವರಲ್ಲಿ ಶೇ. 10ಕ್ಕೂ ಜಾಸ್ತಿ ಜನರಲ್ಲಿ ಇದು ಇರುತ್ತದೆ. ಅಂಥ ಕೋಶಗಳಿಂದ ಹುಟ್ಟಿದ ಬಿಳಿ ರಕ್ತಕಣಗಳು ಉರಿಯೂತ ಎಬ್ಬಿಸುವುದರಲ್ಲಿ ಮುಂದು. ಇದಿರುವವರಿಗೆ ಹೃದಯಾಘಾತದ ಅಪಾಯವೂ ಜಾಸ್ತಿ ಎಂದು ಕಂಡುಬಂದಿದೆ. ಹೊಟ್ಟೆಯೊಳಗಿನ ಕೊಬ್ಬು, ವಾಸಿಯಾಗದ ವಸಡಿನ ಕಾಯಿಲೆ, ಧೂಮಪಾನ, ಹಿಡಿತದಲ್ಲಿಲ್ಲದ ಸಕ್ಕರೆ ಕಾಯಿಲೆ ಇವೆಲ್ಲ ಇದಕ್ಕೆ ಸೇರಿಕೊಳ್ಳುತ್ತವೆ.

ಆದರೆ ಒಂದು ಎಚ್ಚರಿಕೆ. ಇಷ್ಟು ಓದಿ, ತಂದೆಯ ಪರೀಕ್ಷೆಯಲ್ಲಿ ಬಂದದ್ದು ವಯಸ್ಸಿನದೇ ಎಂದು ತೀರ್ಮಾನಿಸಿಬಿಡಬೇಡಿ. ನ್ಯುಮೋನಿಯಾದಿಂದ ಪೂರ್ತಿ ಗುಣವಾದ ಮೇಲೂ ಅದು ಏರಿಯೇ ಇದ್ದರೆ ವೈದ್ಯರು ಕಾರಣ ಹುಡುಕಬೇಕು. ಎಲ್ಲೋ ಉಳಿದ ಸೋಂಕು, ವಸಡು, ಮೂತ್ರಕೋಶ, ಕೀಲು, ಕ್ಷಯ, ಅಪರೂಪಕ್ಕೆ ಕ್ಯಾನ್ಸರ್. ವಯಸ್ಸಾಯಿತು ಎಂಬುದು ಎಲ್ಲ ನೋಡಿ ಮುಗಿದ ಮೇಲೆ ಬರಬೇಕಾದ ಉತ್ತರ. ಅದನ್ನೇ ಮೊದಲ ಉತ್ತರವಾಗಿ ಹೇಳಿ ಕಳಿಸುವುದನ್ನು ಕಂಡರೆ ನನಗೆ ನಿಜಕ್ಕೂ ಸಂಕಟವಾಗುತ್ತದೆ.

ಜ್ವರ ಬರಲಿಲ್ಲ ಎಂದಿರಿ. ನಿಮ್ಮ ಪತ್ರದಲ್ಲಿ ಎಲ್ಲಕ್ಕಿಂತ ಮುಖ್ಯವಾದ ಸಾಲು ಇದೇ. ಜ್ವರವನ್ನು ರೋಗಾಣು ತರುವುದಿಲ್ಲ, ನಮ್ಮ ದೇಹವೇ ಎಬ್ಬಿಸುತ್ತದೆ. ಸೋಂಕು ಕಂಡ ಬಿಳಿ ರಕ್ತಕಣಗಳು ಸುದ್ದಿ ಕಳಿಸುತ್ತವೆ, ಮಿದುಳು ದೇಹದ ಶಾಖವನ್ನು ಏರಿಸುತ್ತದೆ. ಹಿರಿಯರಲ್ಲಿ ಈ ಸುದ್ದಿಯೂ ಮಂದ, ಶಾಖ ಏರಿಸುವ ಸಾಮರ್ಥ್ಯವೂ ಮಂದ. ಜೊತೆಗೆ ಅವರ ಮಾಮೂಲಿ ಶಾಖವೇ ಯುವಕರಿಗಿಂತ ಸ್ವಲ್ಪ ಕಡಿಮೆ ಇರುತ್ತದೆ. ಹಾಗಾಗಿ ಗಂಭೀರ ಸೋಂಕಿದ್ದರೂ ನಾಲ್ಕೈದು ಜನರಲ್ಲಿ ಒಬ್ಬರಿಗಾದರೂ ಜ್ವರ ಕಾಣಿಸುವುದೇ ಇಲ್ಲ, ಅಥವಾ ನಾಮಮಾತ್ರಕ್ಕೆ ಕಾಣುತ್ತದೆ.

ಹಾಗಾದರೆ ಏನು ನೋಡಬೇಕು? ನೀವು ಕಂಡದ್ದನ್ನೇ. ಇದ್ದಕ್ಕಿದ್ದಂತೆ ಮಂಕಾಗುವುದು, ಹೊತ್ತು ಗೊತ್ತಿಲ್ಲದಂತೆ ಮಾತಾಡುವುದು. ಊಟ ಬೇಡ ಎನ್ನುವುದು. ನಿನ್ನೆಯವರೆಗೆ ಸರಿಯಾಗಿ ನಡೆಯುತ್ತಿದ್ದವರು ಬೀಳುವುದು. ಹೊಸದಾಗಿ ಬಟ್ಟೆಯಲ್ಲೇ ಮೂತ್ರ ಹೋಗುವುದು. ಉಸಿರು ಜೋರಾಗುವುದು. ಇವುಗಳಲ್ಲಿ ಯಾವುದೇ ಒಂದು ಒಂದೆರಡು ದಿನದೊಳಗೆ ಹೊಸದಾಗಿ ಶುರುವಾದರೆ, ಸೋಂಕು ಇರಬಹುದು ಎಂದುಕೊಂಡು ಅವತ್ತೇ ವೈದ್ಯರಿಗೆ ತೋರಿಸಿ. ಮರೆವಿನ ಕಾಯಿಲೆ ತಿಂಗಳುಗಟ್ಟಲೆ ನಿಧಾನಕ್ಕೆ ಬರುತ್ತದೆ, ಹೀಗೆ ಎರಡು ದಿನದಲ್ಲಿ ಬರುವುದಿಲ್ಲ. ತಂದೆ ಆರಾಮಾಗಿರುವಾಗ ಕೆಲವು ದಿನ ಶಾಖ ಅಳೆದು ಬರೆದಿಡಿ. ಆ ಮಾಮೂಲಿ ಅಳತೆಗಿಂತ 2 ಡಿಗ್ರಿ ಫ್ಯಾರನ್‌ಹೀಟ್ ಏರಿದರೆ ಅದನ್ನು ಜ್ವರ ಎಂದೇ ಲೆಕ್ಕ ಹಾಕಬೇಕು. ಉದಾಹರಣೆಗೆ, ಮಾಮೂಲಿಯಾಗಿ 97 ಇರುವವರಿಗೆ 99 ಬಂದರೂ ಅದು ಜ್ವರವೇ. ನಿಮಗೆ ಆಗ ತಡವಾಯಿತು ಎಂದು ಕೊರಗಬೇಡಿ. ಜ್ವರವಿಲ್ಲದ ನ್ಯುಮೋನಿಯಾ ಅನುಭವಿ ವೈದ್ಯರ ಕಣ್ಣನ್ನೂ ತಪ್ಪಿಸುತ್ತದೆ.

ಶಕ್ತಿ ಹೆಚ್ಚಿಸುವ ಮಾತ್ರೆಗಳ ಬಗ್ಗೆ ನನ್ನ ಅಭಿಪ್ರಾಯ ನೇರವಾಗಿದೆ: ಬೇಡ. ಇಷ್ಟು ಹೊತ್ತು ಹೇಳಿದ್ದನ್ನು ನೆನಪಿಸಿಕೊಳ್ಳಿ. ಯಾವುದನ್ನು ಹೆಚ್ಚಿಸುತ್ತೀರಿ? ಉರಿಯೂತ ಆಗಲೇ ಜಾಸ್ತಿ ಇದೆ. ಕಡಿಮೆ ಇರುವುದು ಹೊಸ ಟಿ ಕೋಶಗಳು, ಅವನ್ನು ಹುಟ್ಟಿಸುವ ಮಾತ್ರೆ ಅಂಗಡಿಯಲ್ಲಿಲ್ಲ. ಕೊರತೆ ಇದ್ದರೆ ತುಂಬುವುದು ಬೇರೆ ಮಾತು. ಪ್ರೋಟೀನ್, ಸತು, ಬಿ12, ಡಿ ವಿಟಮಿನ್ ಕಡಿಮೆಯಿದ್ದರೆ ರೋಗನಿರೋಧಕ ಕೋಶಗಳು ಖಂಡಿತ ಸೊರಗುತ್ತವೆ. ಹಿರಿಯರಲ್ಲಿ ಇಂಥ ಕೊರತೆ ಅಪರೂಪವೇನಲ್ಲ. ಅದನ್ನು ವೈದ್ಯರು ಪರೀಕ್ಷಿಸಿ ಸರಿಪಡಿಸಲಿ. ಸುಮ್ನೆ ಇರಲಿ ಎಂದು ನುಂಗಿದರೆ ಏನಾಗಬಹುದು ಎಂಬುದಕ್ಕೆ ಸತುವೇ ಉದಾಹರಣೆ. ತಿಂಗಳುಗಟ್ಟಲೆ ಜಾಸ್ತಿ ಪ್ರಮಾಣದ ಸತು ತೆಗೆದುಕೊಂಡರೆ ಅದು ಕರುಳಿನಲ್ಲಿ ತಾಮ್ರವನ್ನು ಹೀರಿಕೊಳ್ಳಲು ಬಿಡುವುದಿಲ್ಲ. ತಾಮ್ರ ಕಡಿಮೆಯಾದರೆ ರಕ್ತಹೀನತೆ ಬರುತ್ತದೆ, ನ್ಯೂಟ್ರೋಫಿಲ್‌ಗಳೂ ಇಳಿಯುತ್ತವೆ. ಶಕ್ತಿ ಹೆಚ್ಚಲಿ ಎಂದು ನುಂಗಿದ ಮಾತ್ರೆಯೇ ಇದ್ದ ಸೈನಿಕರನ್ನೂ ಕಡಿಮೆ ಮಾಡುತ್ತದೆ.

ಮಾತ್ರೆಗಿಂತ ಕಾಲಿನ ಸ್ನಾಯುಗಳ ಮೇಲೆ ನನಗೆ ಜಾಸ್ತಿ ನಂಬಿಕೆ. 2018ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ 55ರಿಂದ 79 ವಯಸ್ಸಿನ 125 ಸೈಕಲ್ ಸವಾರರನ್ನು ಪರೀಕ್ಷಿಸಿದರು. ಬಹಳ ವರ್ಷಗಳಿಂದ ದೂರದೂರ ಸೈಕಲ್ ಹೊಡೆದವರು ಅವರು. ಅವರ ಥೈಮಸ್ ಹೊರಬಿಡುತ್ತಿದ್ದ ಹೊಸ ಟಿ ಕೋಶಗಳ ಪ್ರಮಾಣ ಯುವಕರ ಮಟ್ಟದಲ್ಲೇ ಇತ್ತು. ಪೂರ್ತಿ ಸತ್ಯ ಹೇಳಬೇಕೆಂದರೆ, ದಣಿದ ಹಳೆಯ ಟಿ ಕೋಶಗಳು ಅವರಲ್ಲೂ ಕಡಿಮೆಯಾಗಿರಲಿಲ್ಲ. ಅಷ್ಟು ಕಠಿಣವಾದ ವ್ಯಾಯಾಮ ಎಲ್ಲರಿಂದಲೂ ಆಗುವುದೂ ಇಲ್ಲ. ಆದರೆ ಥೈಮಸ್‌ಗೆ ಪೋಷಣೆ ಕೊಡುವ ಐಎಲ್-7 ಎಂಬ ಅಂಶವನ್ನು ಸ್ನಾಯುಗಳೂ ತಯಾರಿಸುತ್ತವೆ. ವಯಸ್ಸಾದಂತೆ ಸ್ನಾಯು ಕರಗಿದರೆ ಆ ನೆರವೂ ಕಡಿಮೆ. ನಿಮ್ಮ ತಂದೆ ಚೇತರಿಸಿಕೊಂಡಿದ್ದಾರೆ ಅಂದಿರಿ. ವೈದ್ಯರನ್ನು ಕೇಳಿ ದಿನಾ ನಡಿಗೆ, ಕುರ್ಚಿಯಿಂದ ಎದ್ದು ಕೂರುವಂಥ ಸರಳ ವ್ಯಾಯಾಮ ಶುರು ಮಾಡಿಸಿ. ನ್ಯುಮೋನಿಯಾದಲ್ಲಿ ಹಾಸಿಗೆ ಹಿಡಿದು ಕಳೆದುಕೊಂಡ ಸ್ನಾಯು ತಾನಾಗಿ ವಾಪಸ್ ಬರುವುದಿಲ್ಲ.

ನಿದ್ದೆಯೂ ಹಾಗೆಯೇ. ಕೆಲವು ರಾತ್ರಿ ನಾಲ್ಕೇ ಗಂಟೆ ಮಲಗಿಸಿ ಫ್ಲೂ ಲಸಿಕೆ ಕೊಟ್ಟ ಆರೋಗ್ಯವಂತ ಯುವಕರಲ್ಲಿ, ಹತ್ತು ದಿನದ ನಂತರ ಪ್ರತಿಕಾಯ ಅರ್ಧಕ್ಕಿಂತ ಕಡಿಮೆ ಇತ್ತು. ಆಮೇಲೆ ಅವರು ಸರಿದೂಗಿಸಿಕೊಂಡರು. ನಿಮ್ಮ ತಂದೆಯ ವಯಸ್ಸಿನವರಿಗೆ ಹಾಗೆ ಸರಿದೂಗಿಸಿಕೊಳ್ಳುವ ಅವಕಾಶ ಕಡಿಮೆ.

ಅವರ ಸುತ್ತ ಇರುವವರ ಲಸಿಕೆಯೂ ಅವರಿಗೆ ರಕ್ಷಣೆಯೇ. ಜಪಾನಿನಲ್ಲಿ 1962ರಿಂದ ಶಾಲಾ ಮಕ್ಕಳಿಗೆ ಫ್ಲೂ ಲಸಿಕೆ ಹಾಕುತ್ತಿದ್ದರು. 1994ರಲ್ಲಿ ಆ ಕಾರ್ಯಕ್ರಮ ನಿಂತಿತು. 2001ರಲ್ಲಿ ಬಂದ ಒಂದು ವಿಶ್ಲೇಷಣೆಯ ಪ್ರಕಾರ, ಮಕ್ಕಳಿಗೆ ಲಸಿಕೆ ಹಾಕುತ್ತಿದ್ದ ವರ್ಷಗಳಲ್ಲಿ ಚಳಿಗಾಲದ ಸಾವುಗಳು ಕಡಿಮೆಯಾಗಿದ್ದವು, ಅದರಲ್ಲೂ ಹಿರಿಯರದು. ನಿಲ್ಲಿಸಿದ ಮೇಲೆ ಮತ್ತೆ ಏರಿದವು. ಕಲಿಯುವ ಶಕ್ತಿ ಚೆನ್ನಾಗಿರುವ ಚಿಕ್ಕವರು ಲಸಿಕೆ ಪಡೆದು, ಕಡಿಮೆಯಿರುವ ಅಜ್ಜ ಅಜ್ಜಿಯರನ್ನು ಕಾದರು. ಹಾಗಾಗಿ ಮನೆಯಲ್ಲಿ ಎಲ್ಲರೂ ವರ್ಷವರ್ಷ ಫ್ಲೂ ಲಸಿಕೆ ಹಾಕಿಸಿಕೊಳ್ಳಿ.

ನಿಮ್ಮ ವಿಷಯ. 46ಕ್ಕೆ ನಿಮ್ಮ ಥೈಮಸ್ ಆಗಲೇ ಬಹಳ ಕುಗ್ಗಿದೆ, ಅದಕ್ಕೆ ಗಾಬರಿ ಬೇಡ, ಎಲ್ಲರದೂ ಅಷ್ಟೇ. ಬಾಕಿ ಇರುವ ಪಾಠಗಳನ್ನು ಈಗಲೇ ಮುಗಿಸಿಕೊಳ್ಳಿ. ಹೆಪಟೈಟಿಸ್ ಬಿ ಲಸಿಕೆ ನಿಮಗೆ ಆಗಿದೆಯೇ? ನಲವತ್ತರೊಳಗಿನ ಆರೋಗ್ಯವಂತರಲ್ಲಿ ಶೇ. 90ಕ್ಕೂ ಜಾಸ್ತಿ ಜನರಿಗೆ ಅದರಿಂದ ರಕ್ಷಣೆ ಸಿಗುತ್ತದೆ, ಅರವತ್ತರ ಹೊತ್ತಿಗೆ ಅದು ಸುಮಾರು ಶೇ. 75ಕ್ಕೆ ಇಳಿಯುತ್ತದೆ. ಆಗಿಲ್ಲದಿದ್ದರೆ ಮುಂದಕ್ಕೆ ಹಾಕಬೇಡಿ. ಧನುರ್ವಾಯು ಲಸಿಕೆಯ ಪ್ರತಿಕಾಯ ಸುಮಾರು 11 ವರ್ಷಕ್ಕೆ ಅರ್ಧವಾಗುತ್ತದೆ, ಹಾಗಾಗಿ ಹತ್ತು ವರ್ಷಕ್ಕೊಮ್ಮೆ ಬೂಸ್ಟರ್ ಬೇಕು. 50 ತುಂಬಿದಾಗ ಸರ್ಪಸುತ್ತಿನ ಲಸಿಕೆಯ ಬಗ್ಗೆ ಕೇಳಿ. ಸಿಗರೇಟು ಸೇದುತ್ತಿದ್ದರೆ ಬಿಡಿ, ವಸಡು ಮತ್ತು ಸೊಂಟದ ಅಳತೆಯ ಮೇಲೆ ಕಣ್ಣಿಡಿ.

ತಂದೆಯನ್ನು ಮುಂದಿನ ಸಲ ವೈದ್ಯರ ಹತ್ತಿರ ಕರೆದುಕೊಂಡು ಹೋದಾಗ ನ್ಯೂಮೋಕಾಕಲ್ ಲಸಿಕೆ, ಅಂದರೆ ನ್ಯುಮೋನಿಯಾ ತರುವ ನ್ಯೂಮೋಕಾಕಸ್ ಬ್ಯಾಕ್ಟೀರಿಯಾದ ವಿರುದ್ಧದ ಲಸಿಕೆ, ಆಗಿದೆಯೇ ಎಂದು ಮೊದಲು ಕೇಳಿ. ನ್ಯುಮೋನಿಯಾ ಒಮ್ಮೆ ಬಂದು ಹೋಗಿದ್ದರೂ ಅದು ಬೇಕು. ಆ ಬ್ಯಾಕ್ಟೀರಿಯಾದಲ್ಲಿ ತೊಂಬತ್ತಕ್ಕೂ ಜಾಸ್ತಿ ಬಗೆಗಳಿವೆ. ಒಂದು ಬಂದುಹೋದರೆ ಉಳಿದವುಗಳಿಂದ ರಕ್ಷಣೆ ಸಿಗುವುದಿಲ್ಲ. ಸರ್ಪಸುತ್ತು ಆಗಿ ವಾಸಿಯಾದವರೂ ಜೀವಂತ ವೈರಸ್ ಇಲ್ಲದ ಹೊಸ ಲಸಿಕೆ ಹಾಕಿಸಿಕೊಳ್ಳಬಹುದು, ಯಾಕೆಂದರೆ ಅದು ಮರುಕಳಿಸಬಹುದು. ಎರಡು ಡೋಸ್, ನಡುವೆ 2ರಿಂದ 6 ತಿಂಗಳ ಅಂತರ. ಮೊದಲ ಒಂದೆರಡು ದಿನ ತೋಳು ನೋವು, ಮೈಕೈ ನೋವು ಬರುವುದು ಸಾಮಾನ್ಯ, ಅದನ್ನು ಅವರಿಗೆ ಮೊದಲೇ ಹೇಳಿಡಿ. ಹಿರಿಯರಿಗಾಗಿ ಮಾಡಿದ ಫ್ಲೂ ಲಸಿಕೆ ಸಿಗುತ್ತದೆಯೇ ಎಂದೂ ವಿಚಾರಿಸಿ. ಸಿಗದಿದ್ದರೆ ಮಾಮೂಲಿಯದನ್ನೇ ಹಾಕಿಸಿ, ಅದಕ್ಕಾಗಿ ಕಾಯುತ್ತಾ ಕೂರಬೇಡಿ. ಸ್ಟೀರಾಯ್ಡ್ ಅಥವಾ ಕೀಲುನೋವಿಗೆ ಕೊಡುವ ಮೆಥೋಟ್ರೆಕ್ಸೇಟ್‌ನಂಥ ಔಷಧಿ ತೆಗೆದುಕೊಳ್ಳುತ್ತಿದ್ದರೆ ಲಸಿಕೆಗೆ ಮುಂಚೆ ಹೇಳಲೇಬೇಕು. ಎಲ್ಲಿಗಾದರೂ ಪ್ರಯಾಣಕ್ಕೆಂದು ಹಳದಿ ಜ್ವರದ ಲಸಿಕೆ ಕೇಳಿದರೆ ಅವರ ವಯಸ್ಸನ್ನು ನೆನಪಿಸಿ. ಅದು ಜೀವಂತ ವೈರಸ್ಸಿನ ಲಸಿಕೆ, 60 ದಾಟಿದವರಲ್ಲಿ ಗಂಭೀರ ಅಡ್ಡಪರಿಣಾಮ ಜಾಸ್ತಿ. ನಿಜವಾಗಿ ಬೇಕೇ ಎಂದು ವೈದ್ಯರ ಜೊತೆ ಕೂತು ಯೋಚಿಸಿಯೇ ಹಾಕಿಸಬೇಕು.